ಮೂರೂವರೆ ತೊಲ

ಅಜ್ಜನ ಲೆಕ್ಕದ ಪುಸ್ತಕದಲ್ಲಿ, ಯಾರದೋ ಮೂಗುತಿಯ ಬೆಸುಗೆಗೂ
ಇನ್ಯಾರದೋ ಉಡಿದಾರದ ಅಡವಿಗೂ ನಡುವೆ
ಒಂದು ಸಾಲು: ಸಿನಿಮಾ ಬೆಳ್ಳಿ.
ಗಟ್ಟಿ ಬೆಳ್ಳಿ ಗೊತ್ತು, ರೂಪಾಯಿ ಬೆಳ್ಳಿ ಗೊತ್ತು,
ಹಳೇ ಜರಿ ಸುಟ್ಟು ತೆಗೆದ ಬೆಳ್ಳಿಯೂ ಗೊತ್ತು.
ಇದೇನೆಂದು ಅಪ್ಪನನ್ನು ಕೇಳಿದೆ.
ಅಪ್ಪ ಊದುಕೊಳವೆ ಕೆಳಗಿಟ್ಟರು.
ಅವರು ಅದನ್ನು ಕೆಳಗಿಡುವುದು ಅಪರೂಪ.

ಚೆನ್ನಾಜಮ್ಮ. ಅರಸೀಕೆರೆಯವಳೇ,
ಇಂಜಿನ್ ಷೆಡ್ಡಿನ ಹಿಂದಿನ ಸಾಲುಮನೆ.
ತಾಯಿ ನಾಟಕ ಕಂಪನಿಯ ಬಣ್ಣದ ಪೆಟ್ಟಿಗೆ ಕಾಯುವಳು,
ಮಗಳು ಪರದೆಯ ಹಗ್ಗ ಎಳೆಯುವಳು.
ತಿಪಟೂರಿನ ಮೊಕ್ಕಾಂನಲ್ಲಿ
ಸ್ತ್ರೀಪಾತ್ರದ ಗಂಡಸಿಗೆ ಗದ್ದಬಾವು ಬಂದು
ಮೋರೆ ಕುಂಬಳಕಾಯಿ ಆದಾಗ
ಇವಳಿಗೆ ಸೀರೆ ಉಡಿಸಿ ನಿಲ್ಲಿಸಿದರು.
ಮುಂದಿನ ಸಾಲಿನ ಸಾಹುಕಾರರೊಬ್ಬರು ಎದ್ದು ಕೂಗಿದರಂತೆ:
"ನಡಿಗೆ ಸರಿಯಿಲ್ಲ! ಇದು ಹೆಂಗಸೇ ಅಲ್ಲ!"

ಆಮೇಲೆ ಬೊಂಬಾಯಿ. ಮಾತಿಲ್ಲದ ಚಿತ್ರಗಳ ಕಾಲ.
ಹನ್ನೊಂದರಲ್ಲಿ ಆಡಿದಳು, ಒಂಬತ್ತರಲ್ಲಿ ಸತ್ತಳು.
ಬಾವಿಗೆ ಹಾರಿ, ಹಾವು ಕಡಿದು,
ಗಂಡನ ಮಾನಕ್ಕೆ, ಮೈದುನನ ಮಾನಕ್ಕೆ,
ಒಂದರಲ್ಲಂತೂ ಯಾಕೆಂದೇ ತಿಳಿಯದೆ.
ಹನ್ನೆರಡನೆಯದಕ್ಕೆ ಕರೆದಾಗ ಕೇಳಿದಳು,
"ಈ ಸಲ ಎಷ್ಟನೇ ರೀಲಿನಲ್ಲಿ?"
ಆ ರಾತ್ರಿಯ ಮೇಲ್ ಗಾಡಿ ಹತ್ತಿದಳು.

ಬರುವಾಗ ಬಾಡಿಗೆಯ ಕೆಮೆರಾ ಒಂದು,
ಅದನ್ನು ತಿರುಗಿಸಲು ಪಿಂಟೋ ಎಂಬ ಹುಡುಗ.
"ಬೇಗ ಬೇಡ, ನಿಧಾನ ಬೇಡ,
ನಮ್ಮಜ್ಜಿ ರಾಗಿ ಬೀಸಿದ ಹಾಗೆ ತಿರುಗಿಸು," ಎಂದಳು.
ಪಿಂಟೋ ರಾಗಿ ಬೀಸುವುದನ್ನು ಕಂಡಿರಲಿಲ್ಲ.
ಎರಡು ದಿನ ಕೂತು ಬೀಸಿದ, ಅಂಗೈ ಬೊಬ್ಬೆ ಎದ್ದಿತು.

ಕಥೆ ಇಷ್ಟೇ. ಪ್ಲಾಟ್‌ಫಾರಂ ಬೆಂಚಿನ ಮೇಲೆ
ಗಂಟು ಇಟ್ಟುಕೊಂಡು ಒಬ್ಬ ಹೆಂಗಸು ಕೂತಿದ್ದಾಳೆ.
ಗಾಡಿ ಬರುತ್ತದೆ, ಎರಡನೇ ಗಂಟೆ ಹೊಡೆಯುತ್ತದೆ, ಹತ್ತುವುದಿಲ್ಲ.
ಇನ್ನೊಂದು ಬರುತ್ತದೆ.
ಯಾರೂ ಸಾಯುವುದಿಲ್ಲ.
ಗಾರ್ಡಿನ ಬಾವುಟ ಎರವಲು ತಂದಿದ್ದಳು,
ಹಸಿರಿಗೆ ತಿರುಗಿಸು, ಕೆಂಪಿಗೆ ನಿಲ್ಲಿಸು.
ಒಂದು ಸಲ ಕೆಂಪು ಕಂಡು ಗೂಡ್ಸ್ ಗಾಡಿಯೇ ನಿಂತುಬಿಟ್ಟಿತು.
ಬೈಗುಳ ತಿನ್ನುತ್ತಲೇ ಅದನ್ನೂ ತೆಗೆದುಕೊಂಡಳು.
ರಾತ್ರಿಯ ಭಾಗವನ್ನೆಲ್ಲ ತೆಗೆದದ್ದು ಇಂಜಿನ್ನಿನ ದೀಪದಲ್ಲಿ.

ಹಾಸನದಲ್ಲಿ ಡೇರೆ ಹಾಕಿ ತೋರಿಸುವಷ್ಟರಲ್ಲಿ
ಚಿತ್ರಗಳು ಮಾತು ಕಲಿತಿದ್ದವು.
ನಾಲ್ಕನೆಯ ದಿನ ಹದಿನೇಳು ಜನ, ಮೂರು ನಾಯಿ.
ಹಿಂದಿನಿಂದ ಯಾವನೋ:
"ಜೋರಾಗಿ ಮಾತಾಡಮ್ಮಾ, ಏನೂ ಕೇಳಿಸ್ತಿಲ್ಲ!"
ಐದನೆಯ ದಿನ ಡೇರೆ ಬಿಚ್ಚಿದರು.

ಯುದ್ಧದ ವರ್ಷ. ಬೆಂಕಿ ಹಿಡಿಯುವ ಡಬ್ಬ ಮನೆಯಲ್ಲಿ ಬೇಡ
ಎಂದ ಮನೆ ಮಾಲೀಕ. ಹಮಾಲಿಯ ತಲೆಯ ಮೇಲೆ
ಆರು ಡಬ್ಬ ಹೊರಿಸಿ ತಾನೇ ತಂದಳು
ನಮ್ಮಜ್ಜ ಗುಂಡಾಚಾರರ ಜಗಲಿಗೆ.
ಹಿತ್ತಲಲ್ಲಿ ಸೋಡಾ ನೀರು ಕುದಿಯಿತು. ವಾಸನೆಗೆ
ಅಜ್ಜಿ ಎರಡು ದಿನ ಒಲೆ ಹಚ್ಚಲಿಲ್ಲ.
ಅಡಿ ಅಡಿಯಾಗಿ ಅದ್ದಿದರು, ಕೆರೆದರು,
ತಳದ ಕಪ್ಪು ರಾಡಿಯನ್ನು ಒಣಗಿಸಿ ಮೂಸೆಗೆ ಹಾಕಿದರು.

ತಕ್ಕಡಿ ನಿಂತಾಗ ಮೂರೂವರೆ ತೊಲ.
"ಅಷ್ಟೇನಾ? ಪರದೆ ಮೇಲೆ
ನನ್ನ ಮುಖ ಒಂದೇ ಅದಕ್ಕಿಂತ ಬೆಳಗ್ತಿತ್ತಲ್ಲ ಆಚಾರ್ರೇ."
ಅಜ್ಜ ಹೇಳಿದರಂತೆ:
"ಬೆಳಗಿದ ಕಡೆ ಬೆಳ್ಳಿ ಇರಲ್ಲ ತಾಯಿ. ಅಲ್ಲಿ ಬರೀ ಗಾಜು.
ಇರೋದೆಲ್ಲ ಕಪ್ಪಿನಲ್ಲಿ. ನಿಮ್ಮ ಕೂದಲಲ್ಲಿ, ಇಂಜಿನ್ನಲ್ಲಿ,
ಬೆಂಚಿನ ಕೆಳಗಿನ ನೆರಳಲ್ಲಿ.
ಐದನೇ ಡಬ್ಬದಲ್ಲಿ ಜಾಸ್ತಿ ಸಿಕ್ಕಿತು."
ಐದನೆಯದು ರಾತ್ರಿಯ ಭಾಗ.
ಅವಳು ನಕ್ಕಳಂತೆ, ಬಹಳ ಹೊತ್ತು.
"ಹಾಗಾದ್ರೆ ಇನ್ನಷ್ಟು ಕತ್ತಲೆ ತೆಗೀಬೇಕಿತ್ತು."

ಆ ಬೆಳ್ಳಿ ಏನಾಯಿತೋ. ಬೇರೆ ಬೆಳ್ಳಿಯ ಜೊತೆ ಕರಗಿ
ಕಾಲುಂಗುರವೋ, ಮಗುವಿನ ಕಡಗವೋ ಆಗಿ
ಸಂತೆಯ ದಿನ ಹೋಗಿರಬೇಕು.

ಆರು ವರ್ಷದ ಅಪ್ಪ ಕದ್ದ ಒಂದು ತುಂಡು ಉಳಿದಿದೆ,
ನಶ್ಯದ ಡಬ್ಬಿಯಲ್ಲಿ, ಅಂಚು ಜೇನಿನ ಬಣ್ಣಕ್ಕೆ ತಿರುಗಿ.
ಕಿಟಕಿಗೆ ಹಿಡಿದು ನೋಡಿದೆ.
ಖಾಲಿ ಬೆಂಚು, ಗಂಟು.
ಮೂಲೆಯಿಂದ ತಪ್ಪಿ ಒಳಬಂದ ಒಂದು ಮೊಣಕೈ,
ತುದಿಯಲ್ಲಿ ಬಾವುಟ.
ಕೆಂಪೋ ಹಸಿರೋ ತಿಳಿಯುವಂತಿಲ್ಲ.

ಪುಸ್ತಕದ ಆ ಸಾಲು ಪೂರ್ತಿ ಹೀಗಿದೆ:
"ಚೆನ್ನಾಜಮ್ಮನವರು. ಸಿನಿಮಾ ಬೆಳ್ಳಿ, ಮೂರೂವರೆ ತೊಲ.
ಕೂಲಿ ಬೇಡ ಅಂದೆ. ಕೊಟ್ಟರು."